ನೀಲಿ ಬೆಕ್ಕೂ ನಮ್ಮ ಮಕ್ಕಳ ಮಾತೂ

ಮಂಡ್ಯ, ಮದ್ದೂರು, ಮಳವಳ್ಳಿಗಳ ಗೃಹಸ್ಥರನ್ನು, ‘ನಿಮ್ಮ ಮನೆಯಲ್ಲಿ ಜಪಾನು ದೇಶದ್ದೇನಾದರೂ ಉಂಟೇ?’ ಎಂದು ಕೇಳಿದರೆ, ಬಹುಮಂದಿ ಅಂಗಳದಲ್ಲಿ ನಿಲ್ಲಿಸಿರುವ ಸ್ಕೂಟರನ್ನೋ ಮೋಟಾರು ಸೈಕಲ್ಲನ್ನೋ ತೋರಿಸಿಯಾರು. ಕಾರುಳ್ಳವರು ಬಿಡದಿಯ ಟೊಯೋಟಾ ಕಾರ್ಖಾನೆಯ ಹೆಸರನ್ನು ಹೇಳಿಯಾರು. ಒಳಮನೆಯಲ್ಲಿ, ಶಾಲೆ ಬಿಟ್ಟ ಹೊತ್ತಿನಿಂದ ದೀಪ ಹಚ್ಚುವ ಹೊತ್ತಿನವರೆಗೂ ಟಿ.ವಿ.ಯೊಳಗೆ ಕುಳಿತು ಮಕ್ಕಳನ್ನು ಆಳುತ್ತಿರುವ ಕಿವಿಯಿಲ್ಲದ ನೀಲಿ ಬೆಕ್ಕನ್ನು ಜಪಾನಿನ ಸರಕೆಂದು ಎಣಿಸುವವರು ವಿರಳ. ಅದಾದರೋ ಕಬ್ಬಿಣದ ವಾಹನಕ್ಕಿಂತಲೂ ಆಳವಾಗಿ ಮನೆಯನ್ನು ಹೊಕ್ಕಿದೆ. ವಾಹನವು ಹಳತಾದರೆ ಮಾರಬಹುದು. ಐದನೆಯ ವಯಸ್ಸಿನಲ್ಲಿ ಮನಸ್ಸಿಗೆ ಇಳಿದ ಕಥೆಯನ್ನು ಮಾರುವುದು ಯಾರಿಂದಾದೀತು?

ಬೆಕ್ಕಿನ ವಿಚಾರಕ್ಕೆ ಬರುವ ಮುಂಚೆ, ಹಿರಿಯರೆನಿಸಿಕೊಂಡ ನಾವೂ ಜಪಾನೀಯರ ವಿನೋದಗಳಿಗೆ ಎಷ್ಟರಮಟ್ಟಿಗೆ ಒಳಗಾಗಿದ್ದೇವೆಂಬುದನ್ನು ಒಂದಿಷ್ಟು ನೋಡೋಣ. ಬೆಳಗಿನ ಪತ್ರಿಕೆಯಲ್ಲಿ ಪದಬಂಧದ ಪಕ್ಕದಲ್ಲಿ ಬರುವ ಸುಡೊಕು ಎಂಬ ಅಂಕಿಗಳ ಒಗಟನ್ನು 1979ರಲ್ಲಿ ರಚಿಸಿದವನು ಅಮೆರಿಕದವನಾದರೂ, ಅದಕ್ಕೆ ಈ ಹೆಸರನ್ನೂ ಖ್ಯಾತಿಯನ್ನೂ ತಂದುಕೊಟ್ಟವರು ಜಪಾನೀಯರು. ಮೊಬೈಲಿನಲ್ಲಿ ಬಂಧುಗಳು ಪ್ರಾತಃಕಾಲವೇ ಕಳುಹಿಸುವ ಕೈಮುಗಿದ ಚಿತ್ರವೂ, ನಗುವ ಮುಖಗಳೂ ‘ಎಮೋಜಿ’ಗಳಷ್ಟೆ, ಇಂಗ್ಲಿಷಿನಲ್ಲಿ ಭಾವವನ್ನು ಸೂಚಿಸುವ ಪದದಿಂದ ಈ ಹೆಸರು ಹುಟ್ಟಿತೆಂದು ನಮ್ಮಲ್ಲಿ ಅನೇಕರು ತಿಳಿದಿದ್ದಾರೆ. ಹಾಗಲ್ಲ. ಜಪಾನೀ ಭಾಷೆಯಲ್ಲಿ ‘ಎ’ ಎಂದರೆ ಚಿತ್ರ, ‘ಮೋಜಿ’ ಎಂದರೆ ಅಕ್ಷರ. 1999ರಲ್ಲಿ ಶಿಗೆತಾಕಾ ಕುರಿತಾ ಎಂಬಾತನು ಅಲ್ಲಿಯ ಒಂದು ದೂರವಾಣಿ ಕಂಪನಿಗಾಗಿ 176 ಸಣ್ಣ ಚಿತ್ರಗಳನ್ನು ರಚಿಸಿದನು. ಆ ಮನೆತನದ ಚಿತ್ರಗಳಲ್ಲಿಯೇ ಮುಂದೆ ಸೇರಿದ ಕೈಜೋಡಣೆಯು ಜಪಾನಿನಲ್ಲಿ ಕೋರಿಕೆಗೂ ಕೃತಜ್ಞತೆಗೂ ಸಲ್ಲುವುದು. ನಮ್ಮ ಜಿಲ್ಲೆಯಲ್ಲಿ ಅದು ಶುದ್ಧ ನಮಸ್ಕಾರವಾಗಿಬಿಟ್ಟಿದೆ.

ಇನ್ನು ಕರೋಕೆ. ಗಣೇಶೋತ್ಸವದ ಚಪ್ಪರದಲ್ಲಿ ಒಬ್ಬನೇ ಗಾಯಕನು ಮೊಬೈಲನ್ನು ಧ್ವನಿವರ್ಧಕಕ್ಕೆ ಜೋಡಿಸಿಕೊಂಡು ರಾಜ್‌ಕುಮಾರರ ಹಾಡುಗಳನ್ನು ಹಾಡುವುದನ್ನು ನೀವು ಕೇಳಿಯೇ ಇರುವಿರಿ. ‘ಕರಾ’ ಎಂದರೆ ಬರಿದು. ‘ಓಕೆ’ ಎಂಬುದು ಆರ್ಕೆಸ್ಟ್ರಾ ಶಬ್ದದ ತುಂಡು. ವಾದ್ಯಗಾರರಿಲ್ಲದ ವಾದ್ಯಗೋಷ್ಠಿಯೆಂದು ತಾತ್ಪರ್ಯ. 1971ರಲ್ಲಿ ಕೋಬೆ ಪಟ್ಟಣದ ದೈಸುಕೆ ಇನೋಉಎ ಎಂಬ ವಾದಕನು ಇದರ ಯಂತ್ರವನ್ನು ಮಾಡಿದನು. ಹಕ್ಕುಪತ್ರವನ್ನು ಮಾತ್ರ ಮಾಡಿಸಿಕೊಳ್ಳಲಿಲ್ಲವಾಗಿ ಲೋಕವೆಲ್ಲ ಅದನ್ನು ಬಳಸಿತು, ಅವನಿಗೆ ಹೆಚ್ಚಿನ ಹಣ ಬರಲಿಲ್ಲ. ನಮ್ಮಲ್ಲಿ ಹಿಂದೆ ಒಂದು ಊರಿನ ಆರ್ಕೆಸ್ಟ್ರಾ ಎಂದರೆ ತಬಲ, ಢೋಲಕ್, ಕೀಬೋರ್ಡು, ಕೊಳಲುಗಳವರು ಸೇರಿ ಎಂಟು ಹತ್ತು ಸಂಸಾರಗಳ ಅನ್ನ. ಈ ಬರಿಯ ವಾದ್ಯಗೋಷ್ಠಿಯು ಅವರಲ್ಲಿ ಅನೇಕರನ್ನು ಬರಿಗೈಯಲ್ಲಿ ಮನೆಗೆ ಕಳುಹಿಸಿತು. ಸಂತೋಷವೆಂಬುದಕ್ಕೂ ಒಂದು ಲೆಕ್ಕದ ಪುಸ್ತಕ ಉಂಟು. ನಾವು ಅದನ್ನು ತೆರೆದು ನೋಡುವುದಿಲ್ಲ.

ಹಾಗಾದರೆ ನೀಲಿ ಬೆಕ್ಕು ಯಾವುದು? ಅದರ ಹೆಸರು ಡೋರೇಮಾನ್. ಫುಜಿಕೋ ಎಫ್. ಫುಜಿಯೋ ಎಂಬ ಕಾವ್ಯನಾಮದ ಚಿತ್ರಕಾರನು 1969ರ ಕೊನೆಯಲ್ಲಿ ಇದರ ಚಿತ್ರಕಥೆಯನ್ನು ಮಕ್ಕಳ ಮಾಸಪತ್ರಿಕೆಗಳಲ್ಲಿ ಆರಂಭಿಸಿದನು. ಇಪ್ಪತ್ತೆರಡನೆಯ ಶತಮಾನದಿಂದ ಬಂದ ಯಂತ್ರಮಾರ್ಜಾಲವಿದು. ಇಲಿಯೊಂದು ಕಿವಿಗಳನ್ನು ಕಡಿದುಹಾಕಿದ ಕಾರಣ ಇಲಿಯನ್ನು ಕಂಡರೆ ನಡುಗುತ್ತದೆ. ಹೊಟ್ಟೆಯ ಮೇಲೊಂದು ಚೀಲ. ಕೇಳಿದ ಯಂತ್ರ ಅದರಿಂದ ಹೊರಬರುತ್ತದೆ. 2005ರ ಸುಮಾರಿಗೆ ಭಾರತದ ಟಿ.ವಿ.ಗೆ ಬಂದು ಇಲ್ಲಿಯೇ ನೆಲೆನಿಂತಿತು. 2008ರಲ್ಲಿ ಜಪಾನಿನ ವಿದೇಶಾಂಗ ಖಾತೆಯು ಈ ಬೆಕ್ಕನ್ನು ತನ್ನ ವ್ಯಂಗ್ಯಚಿತ್ರಲೋಕದ ರಾಯಭಾರಿಯಾಗಿ ವಿಧ್ಯುಕ್ತವಾಗಿ ನೇಮಿಸಿತೆಂದರೆ, ಆ ರಾಜ್ಯವು ಮಕ್ಕಳ ಕಥೆಯ ಬಲವನ್ನು ಎಷ್ಟು ಚೆನ್ನಾಗಿ ಬಲ್ಲುದೆಂಬುದನ್ನು ಊಹಿಸಿಕೊಳ್ಳಬಹುದು.

ಆದರೆ ಮಕ್ಕಳನ್ನು ಹಿಡಿದಿರುವುದು ಬೆಕ್ಕಲ್ಲ, ಅದರ ಜೊತೆಗಾರನಾದ ನೋಬಿತಾ ಎಂಬುದು ಉಪಾಧ್ಯಾಯ ವೃತ್ತಿಯಲ್ಲಿ ಕೂದಲು ನರೆದ ನನ್ನ ಅಭಿಪ್ರಾಯ. ಪಾಠದಲ್ಲಿ ಸೊನ್ನೆ, ಆಟದಲ್ಲಿ ಸೋಲು, ಮೈಯಲ್ಲಿ ಬಲವಿಲ್ಲ, ಬೀದಿಯ ಬಲಿಷ್ಠ ಹುಡುಗನಿಂದ ನಿತ್ಯವೂ ಪೆಟ್ಟು, ಮನೆಗೆ ಬಂದರೆ ತಾಯಿಯ ಗದರಿಕೆ. ಇಂಥ ನೋಬಿತಾ ಪ್ರತಿ ತರಗತಿಯ ಕಡೆಯ ಬೆಂಚಿನಲ್ಲಿ ಒಬ್ಬನಾದರೂ ಕುಳಿತಿರುತ್ತಾನೆ. ಮಳವಳ್ಳಿಯ ಕಡೆಯ ಹಳ್ಳಿಗಳಿಂದ ಬುತ್ತಿ ಕಟ್ಟಿಕೊಂಡು ನಡೆದು ಬರುತ್ತಿದ್ದ ಹುಡುಗರಲ್ಲಿಯೂ ನಾನು ಅವನನ್ನು ಕಂಡಿದ್ದೇನೆ. ನಮ್ಮ ಮಕ್ಕಳ ಪುಸ್ತಕಗಳಾದರೋ ಧ್ರುವ, ಪ್ರಹ್ಲಾದ, ಅಭಿಮನ್ಯುಗಳಿಂದ ತುಂಬಿವೆ. ಅವರು ಪೂಜ್ಯರು, ಸಂದೇಹವಿಲ್ಲ. ಆದರೆ ಲೆಕ್ಕದಲ್ಲಿ ಮೂರು ಅಂಕ ತೆಗೆದುಕೊಂಡು ಹೆದರಿ ಮನೆಗೆ ಹೋಗುವ ಬಾಲಕನಿಗೆ ಧ್ರುವನು ಜೊತೆಗಾರನಾಗಲಾರನು. ದಡ್ಡನ ದುಃಖವನ್ನು ನಗುನಗುತ್ತ ಹೇಳುವ ಕಥೆಯೊಂದು ಸಾವಿರಾರು ಮೈಲಿ ದೂರದಿಂದ ಬಂದಾಗ ನಮ್ಮ ಹುಡುಗನು ಅದರ ಹಿಂದೆ ಹೋದುದರಲ್ಲಿ ಆಶ್ಚರ್ಯವೇನು?

ಮಕ್ಕಳು ಸೋಮಾರಿಗಳಾಗುತ್ತಾರೆಂದು ತಾಯಂದಿರು ದೂರುತ್ತಾರೆ. ಕಥೆಯನ್ನು ಗಮನವಿಟ್ಟು ನೋಡಿದರೆ, ಬೆಕ್ಕಿನಿಂದ ಪಡೆದ ಯಂತ್ರವನ್ನು ನೋಬಿತಾ ದುರಾಸೆಯಿಂದ ಬಳಸಿ ತಾನೇ ಪೇಚಿಗೆ ಸಿಕ್ಕುವುದೇ ಹೆಚ್ಚು. ನಮ್ಮ ಭಸ್ಮಾಸುರನ ವರವೂ ಇದೇ ಜಾತಿಯದಲ್ಲವೇ? ಶಿನ್‌ಚಾನ್ ಎಂಬ ಇನ್ನೊಬ್ಬ ತುಂಟನ ವಿಷಯ ಬೇರೆ. ದೊಡ್ಡವರ ಪತ್ರಿಕೆಗಾಗಿ ಬರೆದ ಹಾಸ್ಯವದು. ತಂದೆತಾಯಿಗಳ ದೂರಿನಿಂದಾಗಿ 2008ರಲ್ಲಿ ಭಾರತದಲ್ಲಿ ನಿಂತುಹೋಗಿ, ಕತ್ತರಿ ಆಡಿಸಿದ ಮೇಲೆ ಮತ್ತೆ ಬಂದಿತು. ಅದನ್ನು ನಾನು ಸಮರ್ಥಿಸಲಾರೆನು.

ಜಪಾನೀಯರಿಗೆ ಈ ವಿದ್ಯೆ ಒಂದು ದಿನದಲ್ಲಿ ಬಂದುದಲ್ಲ. 1930ರ ದಶಕದಲ್ಲಿ ಅಲ್ಲಿಯ ಬೀದಿಗಳಲ್ಲಿ ‘ಕಾಮಿಶಿಬಾಯಿ’, ಅಂದರೆ ಕಾಗದದ ನಾಟಕ, ಎಂಬ ಆಟವಿದ್ದಿತು. ಕಥೆಗಾರನು ಸೈಕಲ್ಲಿನ ಹಿಂದೆ ಮರದ ಚೌಕಟ್ಟನ್ನು ಕಟ್ಟಿಕೊಂಡು ಬಂದು, ಮರದ ತಾಳಗಳನ್ನು ಬಡಿದು ಮಕ್ಕಳನ್ನು ಕೂಡಿಸಿ, ಮೊದಲು ಮಿಠಾಯಿ ಮಾರಿ, ಬಳಿಕ ಚಿತ್ರಗಳನ್ನು ಒಂದೊಂದಾಗಿ ಸರಿಸುತ್ತ ಕಥೆ ಹೇಳುವನು. ಮಿಠಾಯಿ ಕೊಂಡವರಿಗೆ ಮುಂದಿನ ಸಾಲು. ನಮ್ಮ ಜಾತ್ರೆಗಳ ಡಬ್ಬದ ಬಯಾಸ್ಕೋಪನ್ನು ಕಂಡವರಿಗೆ ಇದರ ಸ್ವಾರಸ್ಯವನ್ನು ಬೇರೆ ಹೇಳಬೇಕಾಗಿಲ್ಲ. ಟಿ.ವಿ. ಬಂದಾಗ ಜಪಾನೀಯರು ಅದನ್ನು ‘ವಿದ್ಯುತ್ತಿನ ಕಾಗದದ ನಾಟಕ’ವೆಂದೇ ಕರೆದರಂತೆ. ಬೀದಿಯ ಆಟ ನಿಂತಿತು, ಆದರೆ ಅದರ ಚಿತ್ರ ಬರೆಯುತ್ತಿದ್ದವರು ಅನಾಥರಾಗಲಿಲ್ಲ. ಶಿಗೆರು ಮಿಜುಕಿಯಂಥವರು ‘ಮಂಗಾ’ ಎಂಬ ಚಿತ್ರಕಥೆಗಳ ಕಡೆಗೆ ಹೊರಳಿ ಪ್ರಸಿದ್ಧರಾದರು. ನಮ್ಮ ಜಿಲ್ಲೆಯ ನಾಗಮಂಗಲದ ಸೀಮೆಯಲ್ಲಿ ತೊಗಲುಗೊಂಬೆಯಾಟದವರಿದ್ದರು. ಎಣ್ಣೆಯ ದೀಪದ ಮುಂದೆ ಬಣ್ಣದ ತೊಗಲಿನ ರಾಮರಾವಣರನ್ನು ಕುಣಿಸಿ ರಾತ್ರಿಯನ್ನೆಲ್ಲ ಬೆಳಗಿಸುತ್ತಿದ್ದ ಆ ಕುಶಲಿಗಳ ಕೈಗೆ ಕುಂಚವನ್ನೂ ಕೆಲಸವನ್ನೂ ಕೊಟ್ಟ ಕನ್ನಡದ ಪತ್ರಿಕೆಯಾಗಲಿ ಚಿತ್ರಶಾಲೆಯಾಗಲಿ ಹುಟ್ಟಲಿಲ್ಲ. ಅವರ ಗೊಂಬೆಗಳು ವಸ್ತುಸಂಗ್ರಹಾಲಯಗಳನ್ನು ಸೇರಿದವು.

ಜಪಾನಿನ ಚಿತ್ರಕಥೆಗಳ ಪಿತಾಮಹನೆನಿಸಿದ ಒಸಾಮು ತೆಜುಕನು (1928–1989) ವೈದ್ಯಶಾಸ್ತ್ರವನ್ನು ಓದಿದವನು. 1963ರ ಜನವರಿ 1ರಂದು ಅವನ ಯಂತ್ರಬಾಲಕನ ಕಥೆ ಅಲ್ಲಿಯ ಟಿ.ವಿ.ಯಲ್ಲಿ ಆರಂಭವಾಯಿತು. ಸೆಕೆಂಡಿಗೆ 24 ಚಿತ್ರ ಬರೆಯಿಸುವಷ್ಟು ಹಣವಿಲ್ಲದಿರಲು, ಅವನು ಎಂಟೇ ಚಿತ್ರಗಳಲ್ಲಿ ಕೆಲಸ ಸಾಗಿಸುವ, ಮುಖವನ್ನು ಹಾಗೆಯೇ ಇಟ್ಟು ತುಟಿಯನ್ನಷ್ಟೇ ಆಡಿಸುವ ಮಿತವ್ಯಯದ ಮಾರ್ಗವನ್ನು ಹಿಡಿದನು. ಬಡತನದ ಈ ಉಪಾಯವೇ ಮುಂದೆ ಒಂದು ಶೈಲಿಯಾಯಿತು. ಇದೇ ತೆಜುಕನು 1972ರಿಂದ 1983ರವರೆಗೆ ಭಗವಾನ್ ಬುದ್ಧನ ಚರಿತ್ರೆಯನ್ನು ಚಿತ್ರಕಥೆಯಾಗಿ ಬರೆದನು. ಬಳಿಕ ಬಂದ ಹಯಾವೊ ಮಿಯಾಜಾಕಿಯ ಚಿತ್ರಗಳು ಎರಡು ಬಾರಿ, 2003ರಲ್ಲಿಯೂ 2024ರಲ್ಲಿಯೂ, ಅಮೆರಿಕದ ಆಸ್ಕರ್ ಬಹುಮಾನವನ್ನು ಪಡೆದವು. ನಮ್ಮ ಕಾಲೇಜಿನ ಹುಡುಗರು ರಾಕ್ಷಸಸಂಹಾರದ ಜಪಾನೀ ಚಿತ್ರಗಳನ್ನು ನೋಡಲು ಬೆಂಗಳೂರಿಗೆ ಬಸ್ಸು ಹತ್ತುವುದೂ, ಅಲ್ಲಿ 2005ರಿಂದ ‘ಜಪಾನ್ ಹಬ್ಬ’ವೆಂಬ ಉತ್ಸವ ನಡೆದುಬಂದಿರುವುದೂ ಈಗ ವಿಶೇಷ ಸುದ್ದಿಯಲ್ಲ.

ಸಂಸ್ಕೃತವನ್ನು ಓದಿದವನಿಗೆ ಈ ವ್ಯಾಪಾರದಲ್ಲಿ ಕಾಣುವ ವಿನೋದವೊಂದು ಬೇರೆಯೇ ಉಂಟು. ಜಪಾನೀ ಅಕ್ಷರಮಾಲೆಯನ್ನು ನೋಡಿರಿ: ಅ ಇ ಉ ಎ ಒ, ಬಳಿಕ ಕ, ಸ, ತ, ನ, ಹ, ಮ, ಯ, ರ, ವ. ಬೌದ್ಧ ಭಿಕ್ಷುಗಳು ಕಲಿತ ನಮ್ಮ ವರ್ಣಕ್ರಮವೇ ಅಲ್ಲಿ ಸಾಲಾಗಿ ನಿಂತಿದೆ. ನಮ್ಮ ಸರಸ್ವತಿಯು ಅಲ್ಲಿ ವೀಣೆಯಂಥ ವಾದ್ಯವನ್ನು ಹಿಡಿದ ಬೆಂಜೈತೆನ್ ಎಂಬ ದೇವತೆ. ದಕ್ಷಿಣ ಭಾರತದ ರಾಜಪುತ್ರನೆಂದು ಹೇಳಲಾಗುವ ಬೋಧಿಧರ್ಮನು ಅಲ್ಲಿ ‘ದರುಮ’ನಾಗಿ, ತಳ್ಳಿದರೂ ಬೀಳದೆ ಎದ್ದು ಕೂರುವ ಕೆಂಪು ಬೊಂಬೆಯಾಗಿದ್ದಾನೆ. ಎಲ್ಲಕ್ಕಿಂತ ಹೆಚ್ಚಾಗಿ, ಶೃಂಗೇರಿಯ ಸಮೀಪದ ಕಿಗ್ಗದಲ್ಲಿ ನಾವು ಮಳೆಗಾಗಿ ಬೇಡಿಕೊಳ್ಳುವ ಋಷ್ಯಶೃಂಗನು ಜಪಾನಿನಲ್ಲಿ ಒಂಟಿಕೊಂಬಿನ ಮುನಿಯಾಗಿ, ಮಳೆಯ ನಾಗಗಳನ್ನು ಸೆರೆಯಿಟ್ಟು, ಸುಂದರಿಯೊಬ್ಬಳಿಂದ ತಪೋಭಂಗ ಹೊಂದುತ್ತಾನೆ. ಈ ಕಥೆ ಅಲ್ಲಿಯ ‘ನೋ’ ನಾಟಕದಲ್ಲಿ ಉಂಟು. ಇದರಿಂದಲೇ ಬೆಳೆದ ‘ನಾರುಕಾಮಿ’ ಎಂಬುದು ಕಬುಕಿ ರಂಗದ ಹದಿನೆಂಟು ಶ್ರೇಷ್ಠ ನಾಟಕಗಳಲ್ಲಿ ಒಂದು. ಬಾಲಕಾಂಡದಲ್ಲಿ ಅಂಗರಾಜ್ಯಕ್ಕೆ ಮಳೆ ತಂದವನು ಸಮುದ್ರ ದಾಟಿ ಅಲ್ಲಿಯೂ ಮಳೆ ತರುತ್ತಿದ್ದಾನೆ!

ರಾಮಾಯಣದ ಮಾತು ಬಂದುದರಿಂದ ಯುಗೋ ಸಾಕೋ ಎಂಬವರನ್ನು ಸ್ಮರಿಸದಿರಲಾಗದು. 1983ರಲ್ಲಿ, ಪ್ರಯಾಗದ ಸಮೀಪ ಬಿ. ಬಿ. ಲಾಲರು ನಡೆಸಿದ್ದ ಉತ್ಖನನದ ಬಗ್ಗೆ ಚಿತ್ರ ತೆಗೆಯಲು ಬಂದ ಈ ಜಪಾನೀಯನು ರಾಮಾಯಣಕ್ಕೆ ಮನಸೋತು, ತನ್ನ ಭಾಷೆಯಲ್ಲಿ ದೊರೆತ ರಾಮಾಯಣಗಳನ್ನೆಲ್ಲ ಓದಿ, ಅದನ್ನು ಚಿತ್ರಗಳಲ್ಲಿಯೇ ಹೇಳಬೇಕೆಂದು ನಿಶ್ಚಯಿಸಿದನು. ದೇವರ ಕಥೆಯನ್ನು ಕಾರ್ಟೂನು ಮಾಡುವುದೇ ಎಂಬ ಆಕ್ಷೇಪ ಇಲ್ಲಿ ಎದ್ದಿತು. ನಟರು ವೇಷ ಕಳಚಿದ ಮೇಲೆ ಮನುಷ್ಯರೇ. ಬರೆದ ರಾಮನಾದರೋ ರಾಮನಾಗಿಯೇ ಉಳಿಯುವನೆಂಬುದು ಅವನ ನಿಲುವು. ಕಡೆಗೆ ಕೋಯಿಚಿ ಸಾಸಾಕಿ ಮತ್ತು ನಮ್ಮ ರಾಮ್ ಮೋಹನ್ ಇವರ ಸಹಾಯದಿಂದ, ನೂರಾರು ಕಲಾವಿದರು ಕೈಯಿಂದಲೇ ಬರೆದ ಸುಮಾರು ಒಂದು ಲಕ್ಷ ಚಿತ್ರಗಳಿಂದ ಆ ಚಲನಚಿತ್ರವು ಸಿದ್ಧವಾಗಿ 1993ರಲ್ಲಿ ದೆಹಲಿಯ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಪಂಚೆ ಉಡುವುದು ಹೇಗೆ, ಹಿರಿಯರಿಗೆ ನಮಸ್ಕರಿಸುವುದು ಹೇಗೆ ಎಂಬುದನ್ನು ಭಾರತೀಯರು ಜಪಾನೀಯರಿಗೆ ತಿಳಿಸಿಕೊಟ್ಟರು. ಅದರ ಹಾಡುಗಳು ಸಂಸ್ಕೃತದಲ್ಲಿವೆ; ಬರೆದವರು ವಸಂತ ದೇವ್, ಸಂಗೀತ ವನರಾಜ್ ಭಾಟಿಯಾ. ಸಂಸ್ಕೃತದ ಹಾಡು ಜನರಿಗೆ ಹಿಡಿಸದೆಂದು ನಮ್ಮ ಚಿತ್ರದವರು ಹೆದರುವ ಕಾಲದಲ್ಲಿ ಜಪಾನೀ ಚಿತ್ರವೊಂದು ಹೆದರಲಿಲ್ಲ.

ಅದೇ ಚಿತ್ರವನ್ನು ಹೊಸದಾಗಿ ಶುದ್ಧಗೊಳಿಸಿ 2025ರ ಜನವರಿ 24ರಂದು ಭಾರತದ ಚಿತ್ರಮಂದಿರಗಳಿಗೆ ತಂದರು. ಇಂಗ್ಲಿಷು, ಹಿಂದಿ, ತಮಿಳು, ತೆಲುಗುಗಳಲ್ಲಿ ಬಂದಿತು, ಕನ್ನಡದಲ್ಲಿ ಬರಲಿಲ್ಲ. ಮಳವಳ್ಳಿ ತಾಲ್ಲೂಕಿನ ಮುತ್ತತ್ತಿಯಲ್ಲಿ, ಸೀತಾದೇವಿಯ ಮುತ್ತನ್ನು ಕಾವೇರಿಯ ಮಡುವಿನಿಂದ ಎತ್ತಿಕೊಟ್ಟ ಹನುಮಂತನು ಮುತ್ತೆತ್ತಿರಾಯನಾಗಿ ನೆಲಸಿದ್ದಾನೆಂದು ನಂಬುವ ನಾಡು ನಮ್ಮದು. ಈ ನಾಡಿನ ಮಗುವು ಜಪಾನೀಯನು ಬರೆದ ಹನುಮಂತನನ್ನು ಕನ್ನಡದಲ್ಲಿ ಕೇಳಲಾಗಲಿಲ್ಲ. ಹೀಗೇಕಾಯಿತು?

ಇದಕ್ಕೆ ಹಳೆಯ ಕಾರಣವೊಂದುಂಟು. 1960ರ ದಶಕದಲ್ಲಿ, ಮದರಾಸಿನ ಚಿತ್ರಗಳಿಗೆ ಕನ್ನಡದ ಮಾತನ್ನು ಅಂಟಿಸಿ ಅಗ್ಗವಾಗಿ ತರುವುದರಿಂದ ಎಳೆಯ ಕನ್ನಡ ಚಿತ್ರೋದ್ಯಮವು ಮೊಳಕೆಯಲ್ಲಿಯೇ ಬಾಡುವುದೆಂದು ಹೆದರಿ, ಕನ್ನಡಾಭಿಮಾನಿಗಳೂ ಕಲಾವಿದರೂ ಡಬ್ಬಿಂಗನ್ನು ವಿರೋಧಿಸಿದರು. ಕಾನೂನಿನಲ್ಲಿ ಎಲ್ಲಿಯೂ ಬರೆಯದ ಈ ನಿಷೇಧವು ಅರ್ಧ ಶತಮಾನ ನಡೆಯಿತು. ಆ ಕಾಲದ ಭಯ ಸುಳ್ಳಲ್ಲ; ಅದರಿಂದ ನಮ್ಮ ನಟರಿಗೂ ಕಥೆಗಾರರಿಗೂ ನೆಲ ದೊರೆಯಿತೆಂಬುದನ್ನು ನಾನು ಒಪ್ಪುವೆನು. ಆದರೆ ದೊಡ್ಡವರ ಸಿನಿಮಾಕ್ಕೆ ಹಾಕಿದ ಬೇಲಿಯ ನೆರಳು ಮಕ್ಕಳ ಮೇಲೂ ಬಿದ್ದಿತು. 2009ರಲ್ಲಿ ಆರಂಭವಾದ ಚಿಂಟು ಟಿ.ವಿ.ಯು ಮಕ್ಕಳ ಚಿತ್ರಗಳಿಗೆ ಕನ್ನಡದ ಮಾತನ್ನು ಕೊಟ್ಟು ಒಂದು ದಾರಿ ತೋರಿಸಿತಾದರೂ, ನೀಲಿ ಬೆಕ್ಕಿನ ವಾಹಿನಿಗಳು ಬಹುಕಾಲ ಹಿಂದಿ, ತಮಿಳು, ತೆಲುಗುಗಳಲ್ಲಿಯೇ ಮಾತನಾಡಿದವು. ಚಿತ್ರದ ಬೊಂಬೆಗೆ ಸ್ವಂತ ಬಾಯಿಯೆಂಬುದಿಲ್ಲ. ಜಪಾನಿನಲ್ಲಿಯೂ ಅದರ ಮಾತು ಯಾರೋ ಮರೆಯಲ್ಲಿ ನಿಂತು ಆಡಿದ್ದೇ. ಇಂಥದಕ್ಕೆ ಕನ್ನಡದ ಧ್ವನಿ ಕೊಟ್ಟರೆ ಯಾವ ಕನ್ನಡ ನಟನ ಅನ್ನಕ್ಕೆ ಕುಂದು? ಹತ್ತು ಮಂದಿ ಕನ್ನಡ ಕಂಠದವರಿಗೆ ಅನ್ನ ದೊರೆಯುತ್ತಿತ್ತು.

ಕನ್ನಡ ಗ್ರಾಹಕರ ಕೂಟದವರು ದೂರು ಕೊಡಲಾಗಿ, 2015ರ ಜುಲೈ ತಿಂಗಳಲ್ಲಿ ಭಾರತೀಯ ಸ್ಪರ್ಧಾ ಆಯೋಗವು ಈ ತಡೆ ನ್ಯಾಯವಲ್ಲವೆಂದು ತೀರ್ಪಿತ್ತು ಚಲನಚಿತ್ರ ವಾಣಿಜ್ಯ ಮಂಡಳಿ ಮೊದಲಾದವುಗಳಿಗೆ ದಂಡ ವಿಧಿಸಿತು. 2017ರಲ್ಲಿ ‘ಸತ್ಯದೇವ್ ಐಪಿಎಸ್’ ಎಂಬ ತಮಿಳು ಮೂಲದ ಚಿತ್ರ ಕನ್ನಡದ ಮಾತಿನಲ್ಲಿ ಬಂದಿತು. 2020ರ ಬಂದ್ ಕಾಲದಲ್ಲಿ ಮಹಾಭಾರತದ ಧಾರಾವಾಹಿಯು ಕನ್ನಡದಲ್ಲಿ ಬಂದಾಗ ನಮ್ಮ ಮನೆಮನೆಗಳಲ್ಲಿ ಅಜ್ಜಿಯೂ ಮೊಮ್ಮಗುವೂ ಒಟ್ಟಿಗೆ ಕುಳಿತು ನೋಡಿದರು. 2021ರಲ್ಲಿ ಆರಂಭವಾದ ಈಟಿವಿ ಬಾಲಭಾರತದ ಹನ್ನೆರಡು ಭಾಷೆಗಳಲ್ಲಿ ಕನ್ನಡವೂ ಒಂದು. ಬಾಗಿಲು ತೆರೆಯಿತು, ನಿಜ. ಆದರೆ ಅಷ್ಟರಲ್ಲಿ ಒಂದು ಪೀಳಿಗೆಯ ಮಕ್ಕಳು ಕಿಟಕಿಯಿಂದ ಹೊರಗೆ ಹೋಗಿದ್ದರು.

ಇದು ನಮ್ಮೊಬ್ಬರ ಕಷ್ಟವಲ್ಲ. 2013ರಲ್ಲಿ ಬಾಂಗ್ಲಾದೇಶದ ಸರ್ಕಾರವು ಹಿಂದಿಯಲ್ಲಿ ಮಾತನಾಡುವ ಡೋರೇಮಾನನ್ನು ನಿಲ್ಲಿಸಿತು. ಮಕ್ಕಳು ಬಂಗಾಳಿಯನ್ನು ಬಿಟ್ಟು ಹಿಂದಿಯಲ್ಲಿ ಮಾತನಾಡತೊಡಗಿದ್ದರೆಂಬುದೇ ಕಾರಣ. ಮರುವರ್ಷ ಅದೇ ಬೆಕ್ಕು ಬಂಗಾಳಿಯನ್ನು ಕಲಿತು ಮರಳಿ ಬಂದಿತು. ಹಿಂದಿಯ ಮೇಲೆ ನನಗೆ ದ್ವೇಷವಿಲ್ಲ. ಕಲಿತ ಭಾಷೆ ಭಾರವಾಗದು. ಆದರೆ ಮದ್ದೂರಿನ ನಮ್ಮ ನೆರೆಮನೆಯ ನಾಲ್ಕು ವರ್ಷದ ಹುಡುಗಿ, ನಾಯಿ ಅಟ್ಟಿಸಿಕೊಂಡು ಬಂದಾಗ ‘ಬಚಾವೋ, ಬಚಾವೋ’ ಎಂದು ಕಿರಿಚಿಕೊಂಡು ಓಡಿಬಂದಳು. ಭಯದಲ್ಲಿ ಬಾಯಿಗೆ ಬರುವ ಮಾತೇ ತಾಯಿನುಡಿಯೆಂದು ನಾವು ಓದಿದ್ದೆವು. ಅವಳ ಅಜ್ಜಿ ನಾಯಿಗೆ ಕೋಲು ಬೀಸಿ, ‘ಅದೇನ್ ಮಗಾ ಅದು, ಯಾರ್ ಕಲಿಸ್ಕೊಟ್ರು ನಿಂಗೆ?’ ಎಂದು ಬೆರಗಾಗಿ ನಿಂತರು.

ಬೊಂಬೆಗಳ ವಿಷಯವನ್ನು ಇಲ್ಲಿಯೇ ಹೇಳಿಬಿಡುವೆನು. ಮದ್ದೂರಿನಿಂದ ಬೆಂಗಳೂರಿನ ದಾರಿ ಹಿಡಿದರೆ ಮೊದಲು ಸಿಕ್ಕುವ ದೊಡ್ಡ ಊರು ಚನ್ನಪಟ್ಟಣ. ಆಲೆಯ ಮರವನ್ನು ಒಣಗಿಸಿ, ಲೇತಿನಲ್ಲಿ ತಿರುಗಿಸಿ ಕಡೆದು, ತಿರುಗುತ್ತಿರುವಾಗಲೇ ಬಣ್ಣದ ಅರಗಿನ ಕಡ್ಡಿಯನ್ನು ಒತ್ತಿ ಹಿಡಿದರೆ, ಉಜ್ಜಿದ ಬಿಸಿಗೆ ಅರಗು ಕರಗಿ ಮರಕ್ಕೆ ಹತ್ತುವುದು. ಮೇಲೆ ತಾಳೆಗರಿಯಿಂದ ತಿಕ್ಕಿದರೆ ಕನ್ನಡಿಯ ಹೊಳಪು. ಈ ಕಸುಬನ್ನು ಉದ್ಧರಿಸಿದ ಬಾವಾಸ್ ಮಿಯಾ ಎಂಬವರು ಜಪಾನೀಯರ ವಿಧಾನವನ್ನು ಅಳವಡಿಸಿಕೊಂಡು ಇಲ್ಲಿಯ ಕುಶಲಿಗಳಿಗೆ ಕಲಿಸಿದರೆಂದು ಪ್ರಸಿದ್ಧಿ. ಜಪಾನಿನ ಈಶಾನ್ಯ ಭಾಗದ ‘ಕೊಕೆಶಿ’ ಎಂಬ ಕೈಕಾಲಿಲ್ಲದ ಮರದ ಬೊಂಬೆಯನ್ನು ನೋಡಿದರೆ ಚನ್ನಪಟ್ಟಣದ ಬೊಂಬೆಗೆ ಅಕ್ಕನೋ ತಂಗಿಯೋ ಎನ್ನಿಸುತ್ತದೆ. ಹೀಗೆ ವಿದೇಶದ ವಿದ್ಯೆಯನ್ನು ತಂದು ನಮ್ಮ ಮರಕ್ಕೆ, ನಮ್ಮ ಅರಗಿಗೆ, ನಮ್ಮ ಕೈಗೆ ಒಗ್ಗಿಸಿಕೊಂಡ ದೃಷ್ಟಾಂತ ನಮ್ಮ ಬಾಗಿಲಲ್ಲಿಯೇ ಇದೆ. ಬೊಂಬೆಗೆ ಸಂದದ್ದು ಮಾತಿಗೇಕೆ ಸಲ್ಲಬಾರದು?

ಮಾರ್ಚಿ 3ರಂದು ಜಪಾನಿನ ಮನೆಗಳಲ್ಲಿ ಹೆಣ್ಣುಮಕ್ಕಳ ಸಲುವಾಗಿ ಬೊಂಬೆ ಕೂರಿಸುವರು. ಕೆಂಪು ಬಟ್ಟೆ ಹಾಸಿದ ಮೆಟ್ಟಿಲುಗಳು, ಎಲ್ಲಕ್ಕೂ ಮೇಲೆ ರಾಜರಾಣಿಯರು, ಕೆಳಗೆ ಪರಿಚಾರಿಕೆಯರು, ವಾದ್ಯದವರು, ಮಂತ್ರಿಗಳು. ಪಟ್ಟದ ಬೊಂಬೆಗಳನ್ನಿಟ್ಟು ದಸರೆ ನಡೆಸುವ ನಮ್ಮ ಗೃಹಿಣಿಯರಿಗೆ ಇದನ್ನು ವಿವರಿಸುವುದೇ ಬೇಡ. ಹಬ್ಬ ಮುಗಿದ ಮೇಲೆ ಬೊಂಬೆಗ��ನ್ನು ತೆಗೆದಿಡಲು ತಡಮಾಡಿದರೆ ಮಗಳ ಮದುವೆ ತಡವಾಗುವುದೆಂದು ಅಲ್ಲಿಯ ನಂಬಿಕೆಯಂತೆ. ಈ ಮಾತನ್ನು ನಮ್ಮ ಮನೆಯಲ್ಲಿ ಹೇಳಿದ ವರ್ಷ ಬೊಂಬೆಗಳು ಮರುದಿನವೇ ಪೆಟ್ಟಿಗೆ ಸೇರಿದವು.

ಟಿ.ವಿ.ಯ ತಾರೆಯಾದ ತೆತ್ಸುಕೋ ಕುರೋಯಾನಗಿ ಎಂಬಾಕೆ ತನ್ನ ಬಾಲ್ಯದ ಶಾಲೆಯ ಬಗ್ಗೆ 1981ರಲ್ಲಿ ಬರೆದ ‘ತೊತ್ತೊ-ಚಾನ್’ ಕನ್ನಡಕ್ಕೆ ಬಂದು ನಮ್ಮ ಉಪಾಧ್ಯಾಯರನೇಕರ ಕೈಯಲ್ಲಿ ಓಡಾಡಿತು. ಮಾತು ಕನ್ನಡವಾದುದರಿಂದ ಆ ಜಪಾನೀ ಹುಡುಗಿ ನಮ್ಮವಳಾದಳು. ನೀಲಿ ಬೆಕ್ಕಿಗೂ ಆ ಭಾಗ್ಯವನ್ನು ಒಬ್ಬರು ದೊರಕಿಸಿಕೊಟ್ಟುದನ್ನು ನಾನು ಕಂಡಿದ್ದೇನೆ. ಮಳವಳ್ಳಿಯ ಬಂಧುಗಳ ಮನೆಯಲ್ಲಿ ಎಪ್ಪತ್ತು ದಾಟಿದ ಅಜ್ಜಿಯೊಬ್ಬರಿದ್ದಾರೆ. ಹಿಂದಿಯ ಒಂದು ಅಕ್ಷರವನ್ನೂ ಅರಿಯರು. ಮೊಮ್ಮಗನ ಪಕ್ಕದಲ್ಲಿ ಕುಳಿತು ಸಂಜೆಯೆಲ್ಲ ಚಿತ್ರವನ್ನಷ್ಟೇ ನೋಡುವರು. ರಾತ್ರಿ ಊಟವಾದ ಮೇಲೆ ಅದೇ ಕಥೆಯನ್ನು ತಮ್ಮ ಮಾತಿನಲ್ಲಿ ಅವನಿಗೆ ಹೇಳುವರು. ನೋಬಿತಾ ಅವರ ಬಾಯಲ್ಲಿ ನಂಜ. ಬೆಕ್ಕಿನ ಹೊಟ್ಟೆಯ ಚೀಲ ಅಕ್ಷಯಪಾತ್ರೆ. ‘ಆ ದಡ್ ನನ್ಮಗ ನಂಜ ಅವತ್ತೂ ಲೆಕ್ಕ ಮಾಡ್ದೆ ಹೋದ. ಮೇಷ್ಟ್ರು ಬುಟ್ಟಾರಾ?’ ಎಂದು ಅಜ್ಜಿ ಆರಂಭಿಸಿದರೆ, ‘ಇಲ್ಲ ಅಜ್ಜಿ, ಬೆಕ್ಕು ಪುಸ್ತಕ ಕೊಟ್ಟಿತ್ತಲ್ಲ, ಅದನ್ನ ಮರ್ತ್ ಬುಟ್ಟೆ ನೀನು’ ಎಂದು ಮೊಮ್ಮಗನು ತಿದ್ದುವನು. ‘ನೀನೇ ಯೋಳಪ್ಪಾ ಹಂಗಾದ್ರೆ’ ಎಂದು ಅವರು ಎಲೆ ಅಡಿಕೆಯ ತಟ್ಟೆಯನ್ನು ಎಳೆದುಕೊಳ್ಳುವರು, ಅವನು ಹೇಳತೊಡಗುವನು.